ಅರ್ಜಿದಾರನಿಗೆ ಮಾತ್ರ ವಾಯಿದೆಯೆ?

ವಾಯಿದೆಯೆಂಬುದು ಉಭಯ ಪಕ್ಷಗಳಿಗೂ ಸಮನಾಗಿರಬೇಕೆಂಬುದು ವ್ಯವಹಾರನೀತಿ. ಚುನಾವಣಾ ತಕರಾರುಗಳಲ್ಲಿ ನಮ್ಮ ಕಾನೂನು ಈ ನೀತಿಯನ್ನು ಮರೆತಿದೆ.

1951ರ ಪ್ರಜಾಪ್ರಾತಿನಿಧ್ಯ ಕಾಯಿದೆಯಂತೆ, ಶಾಸಕನ ಆಯ್ಕೆಯನ್ನು ಪ್ರಶ್ನಿಸುವವನು 45 ದಿನಗಳೊಳಗೆ ಉಚ್ಚ ನ್ಯಾಯಾಲಯಕ್ಕೆ ಅರ್ಜಿ ಸಲ್ಲಿಸತಕ್ಕದ್ದು. ಒಂದು ದಿನ ತಡವಾದರೂ ಅರ್ಜಿ ವಜಾ. ಆದರೆ ವಿಚಾರಣೆಯನ್ನು 6 ತಿಂಗಳಲ್ಲಿ, ಸರ್ವೋಚ್ಚ ನ್ಯಾಯಾಲಯದ ಮೇಲ್ಮನವಿಯನ್ನು 3 ತಿಂಗಳಲ್ಲಿ ಮುಗಿಸಲು ಪ್ರಯತ್ನಿಸಬೇಕೆಂದಷ್ಟೇ ಕಾಯಿದೆ ಹೇಳುತ್ತದೆ. ಪ್ರಯತ್ನ ವಿಫಲವಾದರೆ ಕೇಳುವವರಿಲ್ಲ.

ಪರಿಣಾಮವನ್ನು ನೋಡಿರಿ. ಅಂದಿನ ಒರಿಸ್ಸಾದ ಲೋಕನಾಥ ಪಧಾನ್ ಪ್ರಕರಣದಲ್ಲಿ ಮೇಲ್ಮನವಿ ಬಾಕಿಯಿರುವಾಗಲೇ ವಿಧಾನಸಭೆ ವಿಸರ್ಜಿತವಾಯಿತು. ಇನ್ನಿದು ಕೇವಲ ತಾತ್ತ್ವಿಕ ಪ್ರಶ್ನೆಯೆಂದು 1974ರಲ್ಲಿ ಸರ್ವೋಚ್ಚ ನ್ಯಾಯಾಲಯವು ಗುಣದೋಷ ವಿಚಾರಕ್ಕೆ ಇಳಿಯಲಿಲ್ಲ. ಚುನಾವಣಾ ಭ್ರಷ್ಟಾಚರಣೆಯ ಆರೋಪವಿದ್ದರೆ ಮಾತು ಬೇರೆ. ಅದು ಮುಂದಿನ ಅನರ್ಹತೆಗೂ ಕಾರಣವಾಗುವುದರಿಂದ ಅಂಥ ವ್ಯಾಜ್ಯ ಸಭೆಯೊಡನೆ ಸಾಯುವುದಿಲ್ಲ.

ಸತ್ತ ವ್ಯಾಜ್ಯಕ್ಕೆ ನ್ಯಾಯಾಲಯ ವೇಳೆಯನ್ನೇಕೆ ವ್ಯಯಿಸಬೇಕೆಂದು ಕೆಲವರು ಕೇಳುತ್ತಾರೆ. ಒಪ್ಪೋಣ. ಆದರೆ ಅದು ಸಾಯುವವರೆಗೆ ಕಾಯಿಸಿದವರಾರು? ಅಷ್ಟರಲ್ಲಿ, ಆ ಪೀಠಕ್ಕೆ ಅರ್ಹನೇ ಅಲ್ಲದವನೂ ವೇತನ ಪಡೆದು, ಶಾಸನಗಳಿಗೆ ಕೈಯೆತ್ತಿ, ಅವಧಿ ಮುಗಿಸಿ ಹೊರಟುಹೋಗಬಹುದು. ಅವನು ಕೈಯೆತ್ತಿದ ಶಾಸನಗಳಾದರೋ ನಮ್ಮ ಮೇಲೆ ಉಳಿಯುತ್ತವೆ.

45 ದಿನ ಪ್ರಜೆಗೆ ಆಜ್ಞೆಯಾದರೆ, 6 ತಿಂಗಳು ನ್ಯಾಯಾಲಯಕ್ಕೂ ಆಜ್ಞೆಯಾಗಲಿ. ತಕ್ಕಡಿಯ ಒಂದೇ ತಟ್ಟೆಯಲ್ಲಿ ಬೊಟ್ಟಿಟ್ಟು ತೂಗುವುದನ್ನು ಯಾವ ಅಂಗಡಿಯಲ್ಲೂ ನ್ಯಾಯವೆನ್ನುವುದಿಲ್ಲ.