ಶಕ್ತಿಗೆ ಲೆಕ್ಕವುಂಟು, ವೇಳೆಗೆ ಲೆಕ್ಕವೆಲ್ಲಿ?

ಕಾಲ ಮತ್ತು ಶಕ್ತಿ ಭೌತವಿಜ್ಞಾನದ ಎರಡು ಮೂಲ ಪರಿಕಲ್ಪನೆಗಳು. ಇವೆರಡರ ನಡುವಣ ನಂಟನ್ನು 1918ರಲ್ಲಿ ಜರ್ಮನಿಯ ಗಣಿತಜ್ಞೆ ಎಮ್ಮಿ ನೋಥರ್ ಸ್ಪಷ್ಟಪಡಿಸಿದರು. ಪ್ರಕೃತಿಯ ನಿಯಮಗಳು ನಿನ್ನೆಯಂತೆ ಇಂದೂ ಇಂದಿನಂತೆ ನಾಳೆಯೂ ಇರುವುದರಿಂದಲೇ ಶಕ್ತಿಯ ಒಟ್ಟು ಮೊತ್ತ ಹೆಚ್ಚು ಕಡಮೆಯಾಗದೆ ಉಳಿಯುತ್ತದೆಂಬುದು ಆಕೆಯ ಪ್ರಮೇಯದ ಸಾರ. ಪ್ರಕೃತಿಗೆ ಎಲ್ಲ ವೇಳೆಯೂ ಒಂದೇ. ಆದರೆ ಶಕ್ತಿಯನ್ನು ಉತ್ಪಾದಿಸಿ, ಹಂಚಿ, ಬಳಸುವ ಮನುಷ್ಯನಿಗೆ ಎಲ್ಲ ವೇಳೆಯೂ ಒಂದೇ ಅಲ್ಲ. ಈ ಕಾರಣದಿಂದಲೇ, ಕಾಲ ಮತ್ತು ಶಕ್ತಿಗಳ ತಂತ್ರವನ್ನು ಕೂಡಿಸಿ ಅಭ್ಯಸಿಸುವ ಪೀಠವೊಂದು ನಮ್ಮ ನಾಡಿಗೆ ಅವಶ್ಯವೆಂದು ನಾವು ಭಾವಿಸುತ್ತೇವೆ.

ಇದರ ಅಗತ್ಯವನ್ನು ಒಂದು ಊರಿನ ಉದಾಹರಣೆಯಿಂದ ನೋಡೋಣ. ಕಲಬುರಗಿ ಜಿಲ್ಲೆಯ ಆಳಂದ ತಾಲ್ಲೂಕಿನಲ್ಲಿ, ಮಹಾರಾಷ್ಟ್ರದ ಗಡಿಗೆ ಸಮೀಪದಲ್ಲಿ ಖಜೂರಿ ಇದೆ. ಅದು ತೊಗರಿ ಜೋಳಗಳ ಸೀಮೆ. ಅಲ್ಲಿ ನೀರಿಗೆ ಬರವುಂಟು, ಬಿಸಿಲಿಗೆ ಬರವಿಲ್ಲ. ಅಂಥ ಸೀಮೆಯ ಹೊಲವೊಂದರಲ್ಲಿ 5 ಅಶ್ವಶಕ್ತಿಯ ಪಂಪು ಇದೆಯೆನ್ನಿ. ಒಂದು ಅಶ್ವಶಕ್ತಿಯೆಂದರೆ 746 ವ್ಯಾಟ್. ಆ ಪಂಪು 7 ಗಂಟೆ ನಡೆದರೆ, ಮೋಟಾರಿನ ನಷ್ಟವನ್ನು ಬಿಟ್ಟು, ಸುಮಾರು 26 ಯೂನಿಟ್ ವಿದ್ಯುಚ್ಛಕ್ತಿ ಬೇಕಾಗುತ್ತದೆ. ಹಗಲು ನಡೆದರೂ 26, ರಾತ್ರಿ ನಡೆದರೂ 26, ಮೀಟರಿಗೆ ಭೇದವಿಲ್ಲ. ಆದರೆ ರಾತ್ರಿ ಎರಡು ಗಂಟೆಗೆ ಎದ್ದು, ಟಾರ್ಚು ಹಿಡಿದು, ಹಾವು ಚೇಳುಗಳಿರುವ ಬದುವಿನ ಮೇಲೆ ನಡೆದುಹೋಗಿ ಗುಂಡಿ ಒತ್ತುವ ರೈತನಿಗೆ ಭೇದವುಂಟು. ಲೆಕ್ಕದಲ್ಲಿ ಒಂದೇ ಆಗಿರುವ ಈ 26 ಯೂನಿಟ್‌ಗಳು ಬದುಕಿನಲ್ಲಿ ಒಂದೇ ಅಲ್ಲ.

ಪಂಪುಗಳಿಗೆ ರಾತ್ರಿ ವಿದ್ಯುತ್ತು ಕೊಡುವ ರೂಢಿ ಯಾರದೋ ದುರುದ್ದೇಶದಿಂದ ಹುಟ್ಟಿದುದಲ್ಲ. ಕಲ್ಲಿದ್ದಲಿನ ಸ್ಥಾವರಗಳನ್ನು ಬೇಕೆಂದಾಗ ಹೊತ್ತಿಸಿ ಬೇಡವೆಂದಾಗ ಆರಿಸುವುದು ಸುಲಭವಲ್ಲ. 1985ರಲ್ಲಿ ರಾಯಚೂರಿನ ಶಾಖೋತ್ಪನ್ನ ಕೇಂದ್ರ ಆರಂಭವಾದ ಮೇಲೆ ನಮ್ಮಲ್ಲಿಯೂ ಇಂಥ ಉತ್ಪಾದನೆಯ ಪಾಲು ಬೆಳೆಯಿತು. ಜನರು ಮಲಗಿದ ವೇಳೆಯಲ್ಲಿ ಬೇಡಿಕೆ ತಗ್ಗುತ್ತದೆ. ಆ ತಗ್ಗನ್ನು ಪಂಪುಗಳಿಂದ ತುಂಬುವುದು ಅಂದಿಗೆ ಯುಕ್ತಿಯುಕ್ತವಾಗಿಯೇ ಇತ್ತು. ಆದರೆ ಇಂದು ಪರಿಸ್ಥಿತಿ ಬದಲಾಗಿದೆ. 2019ರಲ್ಲಿ ಪೂರ್ಣಗೊಂಡ ಪಾವಗಡದ ಸೌರ ಉದ್ಯಾನವೊಂದರ ಸಾಮರ್ಥ್ಯವೇ 2,050 ಮೆಗಾವ್ಯಾಟ್. ಸೂರ್ಯನಿಂದ ಬರುವ ವಿದ್ಯುತ್ತು ನಡುಹಗಲಿನಲ್ಲಿ ಉಕ್ಕಿ ಸಂಜೆಗೆ ಇಂಗಿಹೋಗುತ್ತದೆ. ಅಂದು ರಾತ್ರಿಯಲ್ಲಿ ಕಾಣುತ್ತಿದ್ದ ಮಿಗತೆ ಇಂದು ಮಧ್ಯಾಹ್ನಕ್ಕೆ ಸರಿಯುತ್ತಿದೆ. ವೇಳಾಪಟ್ಟಿಯೂ ಸರಿಯಬೇಡವೇ?

ಕಾಲವನ್ನು ತಿದ್ದಿ ಶಕ್ತಿಯನ್ನು ಉಳಿಸುವ ವಿಚಾರ ನಮ್ಮ ನಾಡಿಗೆ ಹೊಸದಲ್ಲ. ಬೆಂಗಳೂರಿನ ರಾಷ್ಟ್ರೀಯ ಉನ್ನತ ಅಧ್ಯಯನ ಸಂಸ್ಥೆಯ ವಿದ್ವಾಂಸರಾದ ದಿಲೀಪ್ ಅಹುಜ ಮತ್ತು ಡಿ. ಪಿ. ಸೇನ್‌ಗುಪ್ತ ಅವರು, ಭಾರತೀಯ ಕಾಲಮಾನವನ್ನು ಶಾಶ್ವತವಾಗಿ ಅರ್ಧ ಗಂಟೆ ಮುಂದಕ್ಕೆ ಸರಿಸಿದರೆ ಸಂಜೆಯ ದೀಪದ ಖರ್ಚು ಇಳಿದು ವರ್ಷಕ್ಕೆ 200 ಕೋಟಿ ಯೂನಿಟ್‌ಗಿಂತ ಹೆಚ್ಚು ವಿದ್ಯುತ್ತು ಉಳಿದೀತೆಂದು ಗಣಿಸಿ ತೋರಿಸಿದರು. ಇದು ಶ್ಲಾಘ್ಯವಾದ ಕಾರ್ಯ. ಆದರೆ ಇಲ್ಲಿಯೂ ಸ್ಥಳಭೇದವನ್ನು ಮರೆಯಲಾಗದು. ನಮ್ಮ ಕಾಲಮಾನದ ಆಧಾರ 82.5 ಅಂಶದ ಪೂರ್ವ ರೇಖಾಂಶ. ಖಜೂರಿ ಅದಕ್ಕೆ ಸುಮಾರು 6 ಅಂಶ ಪಶ್ಚಿಮಕ್ಕಿದೆ. ಅಂಶವೊಂದಕ್ಕೆ 4 ನಿಮಿಷದಂತೆ, ಅಲ್ಲಿನ ಸೂರ್ಯ ಗಡಿಯಾರಕ್ಕಿಂತ ಸರಾಸರಿ 24 ನಿಮಿಷ ಹಿಂದೆ. ಜನವರಿಯಲ್ಲಿ ಅಲ್ಲಿ ಸೂರ್ಯೋದಯವಾಗುವುದು ಏಳು ಗಂಟೆಗೆ ಸ್ವಲ್ಪ ಮುಂಚೆ; ಗಡಿಯಾರವನ್ನು ಸರಿಸಿದರೆ ಏಳೂವರೆಗೆ ಸಮೀಪ. ಹೆಚ್ಚು ಬೆಳಕಿನ ಸಂಜೆಯೊಡನೆ ಕತ್ತಲೆಯ ಮುಂಜಾನೆಯೂ ಬರುತ್ತದೆ. ಲಾಭ ಯಾರಿಗೆ, ಹೊರೆ ಯಾರಿಗೆ ಎಂಬುದನ್ನು ಊರೂರಿಗೆ ಲೆಕ್ಕ ಹಾಕಬೇಕಾಗಿದೆ.

ಆ ವಿಚಾರ ಗಡಿಯಾರವನ್ನು ಸರಿಸುವುದಾಯಿತು. ಇನ್ನೊಂದು ಮಾರ್ಗ ದರವನ್ನು ಸರಿಸುವುದು. 2023ರಲ್ಲಿ ಕೇಂದ್ರ ಸರ್ಕಾರ ವಿದ್ಯುತ್ ಬಳಕೆದಾರರ ನಿಯಮಗಳನ್ನು ತಿದ್ದಿ, ಬಿಸಿಲಿನ ವೇಳೆಗೆ ಕಡಮೆ ದರವನ್ನೂ ಬೇಡಿಕೆ ಏರುವ ವೇಳೆಗೆ ಹೆಚ್ಚಿನ ದರವನ್ನೂ ವಿಧಿಸುವ ಪದ್ಧತಿಯನ್ನು ಸೂಚಿಸಿತು. ಆದರೆ ಕೃಷಿ ಬಳಕೆದಾರರನ್ನು ಅದರಿಂದ ಹೊರಗಿಟ್ಟಿತು. ಕರ್ನಾಟಕದಲ್ಲಿ 10 ಅಶ್ವಶಕ್ತಿಯವರೆಗಿನ ನೀರಾವರಿ ಪಂಪುಗಳಿಗೆ ವಿದ್ಯುತ್ತು ಉಚಿತವಾಗಿರುವಲ್ಲಿ ದರದ ಮಾತು ರೈತನಿಗೆ ತಲಪುವಂತೆಯೂ ಇಲ್ಲ. ದರ ಕೊಡದವನಿಗೆ ವೇಳಾಪಟ್ಟಿಯೇ ದರ. ಅವನು ಹಣವನ್ನು ಕೊಡದಿರಬಹುದು, ನಿದ್ದೆಯನ್ನು ಕೊಡುತ್ತಾನೆ. ಈ ಬೆಲೆ ಯಾವ ಲೆಕ್ಕದ ಪುಸ್ತಕದಲ್ಲಿಯೂ ಜಮೆಯಾಗದಿರುವುದೇ ನಮ್ಮ ಆಕ್ಷೇಪಣೆ.

ಎಲ್ಲ ಪಂಪುಗಳನ್ನೂ ನಡುಹಗಲಿನಲ್ಲಿ ಒಮ್ಮೆಗೇ ನಡೆಸಿದರೆ ತಂತಿಗಳೂ ಪರಿವರ್ತಕಗಳೂ ತಾಳಲಾರವೆಂದು ಕೆಲವರು ಹೇಳಬಹುದು. ಮೋಡ ಕವಿದ ದಿನದ ಗತಿಯೇನೆಂದೂ ಕೇಳಬಹುದು. ಇವು ನ್ಯಾಯವಾದ ಪ್ರಶ್ನೆಗಳು. ಇವುಗಳಿಗೆ ಉತ್ತರ ಅಧ್ಯಯನದಿಂದಲೇ ದೊರೆಯಬೇಕು. ಹಗಲಿನಲ್ಲಿಯೇ ಸರದಿಯನ್ನು ಏರ್ಪಡಿಸಬಹುದು. 2019ರಲ್ಲಿ ಆರಂಭವಾದ ಕುಸುಮ್ ಯೋಜನೆಯಲ್ಲಿ, ಕೃಷಿಯ ಮಾರ್ಗಗಳಿಗೆ ಬೇಕಾದ ಸೌರವಿದ್ಯುತ್ತನ್ನು ಉಪಕೇಂದ್ರದ ಬಳಿಯಲ್ಲಿಯೇ ಉತ್ಪಾದಿಸಲು ಅವಕಾಶವಿದೆ. ಬಿಸಿಲಿದ್ದಾಗ ನೀರನ್ನೆತ್ತಿ ಕೃಷಿಹೊಂಡದಲ್ಲಿ ಕೂಡಿಟ್ಟರೆ, ಬೇಕಾದ ಹೊತ್ತಿಗೆ ಹಾಯಿಸಬಹುದು. ಬ್ಯಾಟರಿ ಮಾಡುವ ಕೆಲಸವನ್ನು ಇಲ್ಲಿ ಹೊಂಡವೇ ಒಂದಷ್ಟು ಮಟ್ಟಿಗೆ ಮಾಡುತ್ತದೆ. ಆದರೆ ಅಗ್ಗವಾಗಿ ಹಗಲು ದೊರೆತ ವಿದ್ಯುತ್ತು ಅಂತರ್ಜಲವನ್ನು ಇನ್ನಷ್ಟು ಬೇಗನೆ ಬತ್ತಿಸದಂತೆ ಎಚ್ಚರವೂ ಅವಶ್ಯ.

ನಮ್ಮಲ್ಲಿ ಕಾಲವನ್ನು ಅಳೆಯುವವರಿದ್ದಾರೆ: ದೆಹಲಿಯ ರಾಷ್ಟ್ರೀಯ ಭೌತಿಕ ಪ್ರಯೋಗಾಲಯ ಪರಮಾಣು ಗಡಿಯಾರಗಳಿಂದ ದೇಶದ ಕಾಲವನ್ನು ಕಾಯುತ್ತದೆ. ಶಕ್ತಿಯನ್ನು ಅಭ್ಯಸಿಸುವವರಿದ್ದಾರೆ: ಬೆಂಗಳೂರಿನ ಕೇಂದ್ರ ವಿದ್ಯುತ್ ಸಂಶೋಧನಾ ಸಂಸ್ಥೆ 1960ರಿಂದ ನಡೆದುಬಂದಿದೆ. ವಿದ್ಯುತ್ ಜಾಲವನ್ನು ನಡೆಸುವವರು ದಿನವನ್ನು 15 ನಿಮಿಷಗಳ 96 ಭಾಗಗಳಾಗಿ ವಿಂಗಡಿಸಿ, ಒಂದೊಂದಕ್ಕೂ ಉತ್ಪಾದನೆ ಬೇಡಿಕೆಗಳನ್ನು ಹೊಂದಿಸುತ್ತಾರೆ. ಜಾಲದ ಆ ತುದಿಯಲ್ಲಿ ಕಾಲು ಗಂಟೆಗೂ ಲೆಕ್ಕವಿರುವಾಗ, ಈ ತುದಿಯಲ್ಲಿ ರೈತನ ಇಡೀ ರಾತ್ರಿಗೆ ಲೆಕ್ಕವಿಲ್ಲವೆಂದರೆ ಏನು ಹೇಳೋಣ?

ಆದುದರಿಂದ ನಾವು ಕೋರುವ ಪೀಠಕ್ಕೆ ದೊಡ್ಡ ಕಟ್ಟಡ ಬೇಕಿಲ್ಲ. ಅದರ ಮೊದಲ ಕಾರ್ಯಾಗಾರ ಖಜೂರಿಯಂಥ ಊರಿನಲ್ಲಿರಲಿ. ಸಮೀಪದ ಕಾಲೇಜುಗಳ ವಿದ್ಯಾರ್ಥಿಗಳು ಒಂದು ವರ್ಷದವರೆಗೆ, ಯಾವ ಮಾರ್ಗಕ್ಕೆ ಯಾವ ಗಂಟೆಯಲ್ಲಿ ವಿದ್ಯುತ್ತು ಬಂದಿತು, ಆಗ ಬಿಸಿಲೆಷ್ಟಿತ್ತು, ಬಾವಿಯ ನೀರೆಷ್ಟಿತ್ತು, ಪಂಪಿಗೆ ಯಾರು ನಡೆದುಹೋದರು ಎಂಬುದನ್ನು ಬರೆದಿಡಲಿ. ಗಡಿಯಾರ, ಮೀಟರು, ಅಳತೆಯ ಹಗ್ಗ ಇಷ್ಟಿದ್ದರೆ ಕೆಲಸ ಆರಂಭವಾಗುತ್ತದೆ. ಮುಂದೆ ವೇಳಾಪಟ್ಟಿಯನ್ನು ತಿದ್ದಲು ಕುಳಿತವರ ಮುಂದೆ, ಯೂನಿಟ್‌ಗಳ ಪಟ್ಟಿಯೊಡನೆ ಈ ಪಟ್ಟಿಯನ್ನೂ ಇಡಬೇಕು.