ನಾಮಾರ್ಥ ವಿಚಾರ

ಮಗುವಿಗೆ ಹೆಸರಿಡುವುದು ತಂದೆತಾಯಿಗಳ ಇಷ್ಟಕ್ಕೆ ಸೇರಿದ ಸಂಗತಿ, ಅದರಲ್ಲಿ ಪರರು ತಲೆಹಾಕಬೇಕಾದುದಿಲ್ಲ ಎಂಬುದನ್ನು ನಿರ್ವಿವಾದವಾಗಿ ಒಪ್ಪಬಹುದು. ಆದರೆ ಇಟ್ಟ ಹೆಸರಿಗೆ ಇಂಥದೇ ಅರ್ಥ, ಇಂಥ ಭಾಷೆಯೇ ಅದರ ಮೂಲ ಎಂದು ಹೇಳಿದೊಡನೆಯೇ ಆ ಮಾತು ಇಷ್ಟಾನಿಷ್ಟಗಳ ಎಲ್ಲೆಯನ್ನು ದಾಟಿ ಸತ್ಯಾಸತ್ಯಗಳ ವಿಚಾರಣೆಗೆ ಒಳಪಡುತ್ತದೆ. ಬೆಂಗಳೂರಿನ ರಾಜಾಜಿನಗರ, ವಿಜಯನಗರ, ಬಸವೇಶ್ವರನಗರಗಳ ಛತ್ರಗಳಲ್ಲಿ ನಡೆಯುವ ನಾಮಕರಣಗಳಿಗೆ ಹೋಗಿ ಬಂದವರಿಗೆ ಈ ಭೇದವು ಎಷ್ಟು ಅಲಕ್ಷಿತವಾಗಿದೆಯೆಂಬುದು ತಿಳಿದೇ ಇದೆ. ತೊಟ್ಟಿಲ ಶಾಸ್ತ್ರ ಮುಗಿದು ಕೂಸಿನ ಕಿವಿಯಲ್ಲಿ ಹೆಸರನ್ನು ಉಸುರಿದ ಮೇಲೆ, ಕೇಳಿದವರಿಗೆಲ್ಲ ತಾಯಿ ಹೇಳುತ್ತಾಳೆ: “ಆರವ್ ಅಂತ ಇಟ್ಟಿದ್ದೀವಿ, ಸಂಸ್ಕೃತದಲ್ಲಿ ಶಾಂತಿ ಅಂತ ಅರ್ಥವಂತೆ.” ಆ ‘ಅಂತೆ’ಯ ಹೊರತು ಬೇರೆ ಪ್ರಮಾಣವನ್ನು ಯಾರೂ ಅಪೇಕ್ಷಿಸುವುದಿಲ್ಲ.

ಸಂಸ್ಕೃತದಲ್ಲಿ ‘ಆರವ’ವೆಂದರೆ ಶಾಂತಿಯಲ್ಲ, ಸದ್ದು, ಕೂಗು, ಗದ್ದಲ. ‘ಕಲರವ’ದಲ್ಲಿರುವ ರವವೇ ಇಲ್ಲಿಯೂ ಇರುವುದು, ಅಮರಕೋಶವು ಈ ಪದವನ್ನು ಶಬ್ದವಾಚಕಗಳ ಸಾಲಿನಲ್ಲಿಯೇ ಕೂರಿಸಿದೆ. ಸದ್ದಿಲ್ಲದ್ದೆಂಬ ಅರ್ಥ ಬೇಕಾದರೆ ಮೊದಲಕ್ಷರವು ಹ್ರಸ್ವವಾಗಿ ‘ಅರವ’ವೆಂದಾಗಬೇಕು. (ತೊಟ್ಟಿಲ ಕೂಸಿಗೆ ಗದ್ದಲವೆಂಬ ಅರ್ಥವೇ ಹೆಚ್ಚು ಒಪ್ಪುವುದೆಂದು ಅಜ್ಜಿಯರು ಅಂದಾರು, ಆ ಮಾತು ಬೇರೆ.) ಇಂಥ ಅನರ್ಥಗಳಿಗೆ ದೊಡ್ಡ ಕಾರಣ, ಹೆಸರುಗಳ ಪಟ್ಟಿಗಳು ಇಂಗ್ಲಿಷ್ ಅಕ್ಷರಗಳಲ್ಲಿ ಹರಿದಾಡುತ್ತಿರುವುದು. ಹ್ರಸ್ವದೀರ್ಘಗಳೂ ಋಕಾರವೂ ಶಷಗಳ ಭೇದವೂ ಆ ಲಿಪಿಯಲ್ಲಿ ಅಳಿಸಿಹೋಗುವುದರಿಂದ, ದೇವಿಯ ಹೆಸರೆಂದು ಪಟ್ಟಿಗಳು ಸಾರುವ ‘ಅನಿಕಾ’ವನ್ನು ಸಂಸ್ಕೃತ ಕೋಶದಲ್ಲಿ ಹುಡುಕಹೊರಟವನಿಗೆ ಸೇನೆಯೆಂಬ ಅರ್ಥದ ‘ಅನೀಕ’ವೂ, ‘ತ್ರಿಷಾ’ವನ್ನು ಹುಡುಕಹೊರಟವನಿಗೆ ಬಾಯಾರಿಕೆಯೆಂಬ ಅರ್ಥದ ‘ತೃಷಾ’ವೂ ಎದುರಾಗುತ್ತವೆ. ‘ಜಿಯಾ’ ಎಂಬುದು ಬೆಳಕೆಂಬ ಚೆಲುವಾದ ಅರ್ಥವುಳ್ಳ ಅರಬ್ಬೀ ಪದ. ಅದಕ್ಕೆ ಸಂಸ್ಕೃತದ ಕುಲವನ್ನು ಕಲ್ಪಿಸುವುದು ಎರಡು ಭಾಷೆಗಳಿಗೂ ಮಾಡಿದ ಅನ್ಯಾಯ.

ಎರಡನೆಯ ಕಾರಣವು ಪಂಚಾಂಗದಲ್ಲಿದೆ. 27 ನಕ್ಷತ್ರಗಳ 108 ಪಾದಗಳಿಗೆ ಒಂದೊಂದು ಅಕ್ಷರವನ್ನು ನಿಯಮಿಸಿರುವ ಚಕ್ರದಲ್ಲಿ ಆರ್ದ್ರೆಯ ಮೂರನೆಯ ಪಾದಕ್ಕೆ ಬರುವುದು ‘ಙ’, ಹಸ್ತದ ಮೂರನೆಯದಕ್ಕೆ ‘ಣ’. ಈ ಅಕ್ಷರಗಳಿಂದ ಮೊದಲಾಗುವ ಹೆಸರು ಕನ್ನಡದಲ್ಲಿಯೂ ಇಲ್ಲ, ಸಂಸ್ಕೃತದಲ್ಲಿಯೂ ಇಲ್ಲ. ಹಿಂದಿನವರು ನಕ್ಷತ್ರನಾಮವನ್ನು ಜಾತಕಕ್ಕೆ ಬಿಟ್ಟು, ಮನೆದೇವರ ಹೆಸರನ್ನೋ ಅಜ್ಜನ ಹೆಸರನ್ನೋ ಕರೆಯುವುದಕ್ಕೆ ಇಟ್ಟುಕೊಳ್ಳುತ್ತಿದ್ದರು. ಇಂದು ಅಕ್ಷರವೂ ಕೂಡಬೇಕು, ಹೆಸರು ಹೊಸದಾಗಿಯೂ ಇರಬೇಕು, ಅರ್ಥವೂ ಇರಬೇಕು ಎಂಬ ತ್ರಿವಿಧ ಬಯಕೆಯಿಂದ ಮೊದಲು ಶಬ್ದ ಹುಟ್ಟುತ್ತದೆ, ಅರ್ಥವನ್ನು ಆಮೇಲೆ ಅಂಟಿಸಲಾಗುತ್ತದೆ.

ಸಂಪ್ರದಾಯದ ಹೆಸರಿನಲ್ಲಿ ನಡೆಯುವ ಈ ವ್ಯವಹಾರವನ್ನು ಸಂಪ್ರದಾಯವೇ ಒಪ್ಪುವುದಿಲ್ಲ. ಕ್ರಿಸ್ತಪೂರ್ವ 2ನೆಯ ಶತಮಾನದ ಪತಂಜಲಿಯು ಮಹಾಭಾಷ್ಯದ ಮೊದಲ ಆಹ್ನಿಕದಲ್ಲಿ, ವ್ಯಾಕರಣವನ್ನು ಏಕೆ ಓದಬೇಕೆಂಬುದಕ್ಕೆ ಕೊಡುವ ಪ್ರಯೋಜನಗಳಲ್ಲಿ ಶಿಶುವಿನ ನಾಮಕರಣವೂ ಒಂದು. ಹತ್ತನೆಯ ದಿನ ಕಳೆದ ಮೇಲೆ ಇಡುವ ಹೆಸರು ಘೋಷಾಕ್ಷರದಿಂದ ಮೊದಲಾಗಿ, ನಡುವೆ ಅಂತಸ್ಥವನ್ನು ಹೊಂದಿ, ಎರಡೋ ನಾಲ್ಕೋ ಅಕ್ಷರದ್ದಾಗಿ, ಕೃದಂತವಾಗಿರಬೇಕೇ ಹೊರತು ತದ್ಧಿತಾಂತವಾಗಿರಬಾರದೆಂದು ಯಾಜ್ಞಿಕರು ವಿಧಿಸುತ್ತಾರೆ; ವ್ಯಾಕರಣವನ್ನರಿಯದವನು ಕೃತ್ತಾವುದು ತದ್ಧಿತವಾವುದು ಎಂಬುದನ್ನು ಹೇಗೆ ತಿಳಿದಾನು ಎಂಬುದು ಆತನ ವಾದ. ಆ ನಿಯಮಗಳನ್ನು ಇಂದು ಯಾರೂ ಪಾಲಿಸಬೇಕಾಗಿಲ್ಲ. ಹೆಸರಿನ ಹಿಂದೆ ಪರೀಕ್ಷೆಯೊಂದು ಇರಬೇಕೆಂಬ ಅವುಗಳ ನಿಲುವು ಮಾತ್ರ ನಮಗೆ ಬೇಕಾದುದು.

ಪರೀಕ್ಷೆಯ ಮಾದರಿ ನಮ್ಮ ಊರಿನ ಹೆಸರಿನಲ್ಲಿಯೇ ಇದೆ. ಹೊಯ್ಸಳ ವೀರಬಲ್ಲಾಳನಿಗೆ ಮುದುಕಿಯೊಬ್ಬಳು ಬೆಂದ ಕಾಳು ಕೊಟ್ಟುದರಿಂದ ‘ಬೆಂದಕಾಳೂರು’ ಬೆಂಗಳೂರಾಯಿತೆಂಬ ಕಥೆಯನ್ನು ಕೇಳದ ಮಕ್ಕಳಿಲ್ಲ. ಬೇಗೂರಿನಲ್ಲಿರುವ ಸುಮಾರು 890ರ ಶಾಸನವು ಬೆಂಗಳೂರಿನ ಕಾಳಗವನ್ನು ಆಗಲೇ ಹೆಸರಿಸುತ್ತದೆ. ಇಮ್ಮಡಿ ವೀರಬಲ್ಲಾಳನಾದರೋ ಪಟ್ಟವೇರಿದ್ದು 1173ರಲ್ಲಿ. ಕಥೆ ಎಷ್ಟೇ ರಮ್ಯವಾಗಿದ್ದರೂ ಕಲ್ಲಿನ ಮುಂದೆ ನಿಲ್ಲಲಿಲ್ಲ. ವ್ಯಕ್ತಿನಾಮಕ್ಕೂ ಕೇಳಬೇಕಾದುದು ಇದೇ: ಹೆಸರಿನ ಪುಸ್ತಕಗಳಿಗಿಂತ ಹಿಂದೆ ಈ ಪದ ಎಲ್ಲಿ ಪ್ರಯೋಗವಾಗಿದೆ? 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಕಿಟ್ಟೆಲ್ ನಿಘಂಟು, ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟು, ಇವುಗಳಲ್ಲಿ ತಡಕುವ ಶ್ರಮ ದೊಡ್ಡದೇನಲ್ಲ.

ಆದರೆ ಕೋಶವೇ ಸರ್ವಸ್ವವೆಂದು ಹೊರಡುವ ಪಂಡಿತನೂ ದಾರಿ ತಪ್ಪುತ್ತಾನೆ. ತಿಪ್ಪಣ್ಣನೆಂಬ ಹೆಸರಿನಲ್ಲಿ ತಿಪ್ಪೆಯನ್ನಷ್ಟೇ ಕಂಡು ನಗುವವನಿಗೆ, ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ ಮೃತ್ಯುವಿನ ಕಣ್ಣು ಬೀಳದಿರಲೆಂದು ಕೂಸನ್ನು ತಿಪ್ಪೆಯ ಮೇಲೆ ಉರುಳಿಸಿ ಆ ಹೆಸರಿಟ್ಟ ತಾಯಿಯ ಸಂಕಟ ತಿಳಿಯದು; ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಗೆ ನಡೆದುಕೊಳ್ಳುವ ಮನೆತನದಲ್ಲಿ ಅದಕ್ಕೆ ಕಾರಣವೇ ಬೇರೆ. ಈ ಅರ್ಥವನ್ನು ಹೇಳಬಲ್ಲವರು ಮನೆಯ ಹಿರಿಯರು ಮಾತ್ರ. ಬಸವ ಎಂಬುದು ವೃಷಭದ ತದ್ಭವ; ಬಸವೇಶ್ವರನಗರದಲ್ಲಿ ಆ ಹೆಸರನ್ನಿಡುವವರು ನೆನೆಯುವುದು ಎತ್ತನ್ನಲ್ಲ, ಕಲ್ಯಾಣದ ಮಹಾಪುರುಷನನ್ನು. ಆದುದರಿಂದ ಪದದ ಮೂಲ ಒಂದು, ಹೆಸರಿಟ್ಟ ಕಾರಣ ಇನ್ನೊಂದು. ಮೊದಲನೆಯದನ್ನು ಕೋಶದಿಂದಲೂ ಎರಡನೆಯದನ್ನು ಮನೆಯವರಿಂದಲೂ ತಿಳಿಯಬೇಕು, ಒಂದರ ಸ್ಥಾನದಲ್ಲಿ ಇನ್ನೊಂದನ್ನು ಇಡಬಾರದು. ಕಿವಿಗೆ ಇಂಪಾಗಿದೆಯೆಂದು ಅರ್ಥವಿಲ್ಲದ ಹೆಸರನ್ನಿಟ್ಟವರು ಹಾಗೆಂದೇ ಹೇಳಿದರೆ ಅದರಲ್ಲಿ ದೋಷವಿಲ್ಲ; ಇಲ್ಲದ ಅರ್ಥವನ್ನು ಋಷಿಗಳ ತಲೆಗೆ ಕಟ್ಟುವುದೇ ದೋಷ.

ಅವಸರಕ್ಕೂ ಕಾರಣವಿಲ್ಲ. 1969ರ ಜನನ ಮರಣ ನೋಂದಣಿ ಅಧಿನಿಯಮದ ಮೇರೆಗೆ ಜನನವನ್ನು 21 ದಿನಗಳೊಳಗೆ ತಿಳಿಸಬೇಕಾದರೂ, ಮಗುವಿನ ಹೆಸರನ್ನು ನೋಂದಣಿಯಾದ 12 ತಿಂಗಳೊಳಗೆ ಶುಲ್ಕವಿಲ್ಲದೆ ಸೇರಿಸಲು ಅವಕಾಶವುಂಟು. ಅಷ್ಟರೊಳಗೆ ಹೆಸರನ್ನು ಒಮ್ಮೆ ಕನ್ನಡ ಅಕ್ಷರಗಳಲ್ಲಿ ಬರೆದು, ನಿಘಂಟನ್ನು ತೆರೆದು ನೋಡಿರಿ.