ಕಲ್ಪನೆಗೂ ಪಂಚಾಂಗ ಬೇಕು

ಕಟ್ಟುಕಥೆಯ ಲೋಕಕ್ಕೆ ಪಂಚಾಂಗವೇತಕ್ಕೆಂದು ನಮ್ಮ ಕೆಲವು ವಿಮರ್ಶಕರು ಮೂಗು ಮುರಿಯುತ್ತಾರೆ. ಅವರು 1955ರಲ್ಲಿ ಪ್ರಕಟಣೆ ಪೂರ್ಣಗೊಂಡ ಟಾಲ್ಕಿನ್ನರ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಕೃತಿಯ ಅನುಬಂಧವನ್ನು ತೆರೆದು ನೋಡಲಿ. ಅಲ್ಲಿನ ಹಾಬಿಟ್ ಜನರ ವರ್ಷಕ್ಕೆ 30 ದಿನಗಳ 12 ತಿಂಗಳು. ಯಾವ ತಿಂಗಳಿಗೂ ಸೇರದ ದಿನಗಳು 5, ಅಧಿಕ ವರ್ಷದಲ್ಲಿ 6. ನಡುವರ್ಷದ ದಿನಕ್ಕೂ ಅಧಿಕ ದಿನಕ್ಕೂ ವಾರದ ಹೆಸರಿಲ್ಲ. ಆದ್ದರಿಂದ ಪ್ರತಿ ವರ್ಷವೂ ಶನಿವಾರವೇ ಆರಂಭ.

ಇದು ಬರಿಯ ಗಣಿತವೆನ್ನುವಿರೋ? 1944ರಲ್ಲಿ, ಕಥೆಯೊಳಗೆ ಚಂದ್ರನ ಲೆಕ್ಕ ತಪ್ಪಿದ್ದು ಕಂಡು ಟಾಲ್ಕಿನ್ನರು ಹಿಂದಿನ ಅಧ್ಯಾಯಗಳನ್ನೇ ತಿದ್ದಿದರು. ನಾಯಕಿ ನಕ್ಕಾಗಲೆಲ್ಲ ಹುಣ್ಣಿಮೆ ತರಿಸುವ ನಮ್ಮ ಕಾದಂಬರಿಕಾರರಿಗೆ ಈ ಭಯವುಂಟೇ? ತಿಥಿ ತಪ್ಪಿದೊಡನೆ ಓದುಗನ ನಂಬಿಕೆಯೂ ತಪ್ಪುತ್ತದೆ. ಲೆಕ್ಕಕ್ಕೆ ಹೆದರುವ ಕಲ್ಪನೆಯನ್ನು ನಾನಂತೂ ಸೋಮಾರಿತನವೆಂದೇ ಕರೆಯುತ್ತೇನೆ.